ಒಲೆಯ ಮುಂದಿನ ಹೊತ್ತು

ಮನೆವಾರ್ತೆಗೆ ಮೀಸಲಾದ ಈ ಪುಟದಲ್ಲಿ ನಾವು ಚಲಚ್ಚಿತ್ರದ ಮಾತನ್ನೆತ್ತಿದೆವೆಂದು ವಾಚಕರು ಹುಬ್ಬೇರಿಸಬಾರದು. ಹಾಡಿಲ್ಲದ, ಕುಣಿತವಿಲ್ಲದ, ಮಾತೂ ಮಿತವಾದ ಚಿತ್ರವೊಂದುಂಟು. ಅದರ ರಂಗಸ್ಥಳವು ಅಡುಗೆಮನೆ.

ಬೆಲ್ಜಿಯಂ ದೇಶದ ಶಾಂತಾಲ್ ಅಕರ್ಮನ್ ಎಂಬವರು 1975ರಲ್ಲಿ ‘ಜಾನ್ ದಿಯೆಲ್ಮಾನ್’ ಎಂಬ ಚಿತ್ರವನ್ನು ಹೊರತಂದಾಗ ಅವರಿಗೆ ಇಪ್ಪತ್ತೈದೂ ತುಂಬಿರಲಿಲ್ಲ. ಬ್ರಸೆಲ್ಸ್ ನಗರದ ವಿಧವೆಯೊಬ್ಬಳ ಮೂರು ದಿನಗಳ ಬಾಳೇ 201 ನಿಮಿಷಗಳ ಈ ಚಿತ್ರದ ವಸ್ತು. ಆಕೆ ಆಲೂಗಡ್ಡೆ ಸುಲಿಯುತ್ತಾಳೆ, ಪಾತ್ರೆ ತೊಳೆಯುತ್ತಾಳೆ. ಕ್ಯಾಮೆರಾ ಕದಲದೆ ನೋಡುತ್ತದೆ. ಹೊಟ್ಟೆಯ ಪಾಡಿಗಾಗಿ ಪರಪುರುಷರನ್ನು ಬರಮಾಡಿಕೊಳ್ಳುವ ಆಕೆಯ ಕ್ಲೇಶವನ್ನೂ ಚಿತ್ರವು ಮರೆಮಾಡದು. ಎರಡನೆಯ ದಿನ ಆಲೂಗಡ್ಡೆ ಹೆಚ್ಚು ಬೆಂದುಹೋಗುತ್ತದೆ. ಅಷ್ಟೇ! ಆದರೆ ಅಷ್ಟು ಹೊತ್ತು ಆಕೆಯ ಕೈಗಳನ್ನು ನೋಡಿದ ನಮಗೆ, ಆ ಬಾಳಿನ ಕಟ್ಟು ಸಡಿಲಿತೆಂದು ಎದೆ ಝಲ್ಲೆನ್ನುತ್ತದೆ. 2022ರಲ್ಲಿ ಬ್ರಿಟನ್ನಿನ ‘ಸೈಟ್ ಅಂಡ್ ಸೌಂಡ್’ ಪತ್ರಿಕೆಯು ವಿಮರ್ಶಕರ ಮತ ಕೇಳಿದಾಗ, ಜಗತ್ತಿನ ಚಿತ್ರಗಳಲ್ಲೆಲ್ಲ ಇದಕ್ಕೇ ಮೊದಲ ಸ್ಥಾನ ಸಂದಿತು.

ನಮ್ಮ ದೇಶದಲ್ಲಿ ಇದಕ್ಕೂ ಮುಂಚೆಯೇ ಮಣಿ ಕೌಲರು ‘ಉಸ್ಕಿ ರೋಟಿ’ಯನ್ನು ತೆಗೆದಿದ್ದರು. ಬಸ್ಸು ನಡೆಸುವ ಗಂಡನಿಗಾಗಿ ರೊಟ್ಟಿಯ ಗಂಟು ಹಿಡಿದು ಹಾದಿಯಲ್ಲಿ ಕಾಯುವ ಪಂಜಾಬದ ಹೆಂಗಸಿನ ಕಥೆಯದು. ಉಳಿದವರು ಕತ್ತರಿಸಿ ಬಿಸುಡುವ ಹೊತ್ತನ್ನೇ ಈ ಪ್ರಯೋಗಶೀಲರು ಉಳಿಸಿಕೊಂಡರು.

ಇದರ ಮರ್ಮವು ನಮಗೆ ತಿಳಿದುದು ಚಿತ್ರಮಂದಿರದಲ್ಲಲ್ಲ. ಆಳಂದ ತಾಲೂಕಿನ ಖಜೂರಿಯಲ್ಲಿ, ದೊಡ್ಡವ್ವನ ಒಲೆಯ ಮುಂದೆ. ಬಸ್ಸಿನ ಹೊತ್ತಾಯಿತೆಂದು ನಾವು ಗಡಿಬಿಡಿ ಮಾಡಿದೆವು. ಆಕೆ ತಲೆಯೆತ್ತದೆ, “ರೊಟ್ಟಿ ತಿನ್ನೋರು ಎಲ್ಲಾರೂ ಅದಾರ ತಮ್ಮಾ, ಬಡಿಯೋದು ಕುಂತು ನೋಡ್ದವರು ಯಾರದಾರ?” ಎಂದಳು. ನಾವು ನಾಚಿ ಕುಳಿತೆವು. ಎಸರು ಹೊಯ್ದು ಜೋಳದ ಹಿಟ್ಟು ನಾದುವುದು, ಅಂಗೈಯಿಂದ ಬಡಿದು ತಿರುಗಿಸುವುದು, ಹಂಚಿಗೆ ಹಾಕಿ ಮೇಲೆ ನೀರು ಸವರುವುದು, ಕೆಂಡದ ಬದಿಗೆ ನಿಲ್ಲಿಸಿ ಉಬ್ಬಿಸುವುದು, ಮತ್ತೆ ಮೊದಲಿನಿಂದ. ಐದನೆಯ ರೊಟ್ಟಿಯಾದ ಮೇಲೆ ಆಕೆ ಬಲಗೈಯ ಮಣಿಕಟ್ಟನ್ನು ಎಡಗೈಯಿಂದ ಒತ್ತಿಕೊಂಡಳು. ಆ ನೋವು ಎಷ್ಟು ವರ್ಷದ್ದೋ! ಪ್ರತಿ ಸಲವೂ ಉಂಡು ಎದ್ದುಬಂದ ನಾವು ಒಮ್ಮೆಯಾದರೂ ಕಂಡಿರಲಿಲ್ಲ. ಬಸ್ಸು ಹೋಯಿತು, ಹೋಗಲಿ.

ವಾಚಕ ಮಹಾಶಯರೇ, ಆ ಚಿತ್ರಗಳು ದೊರೆತರೆ ನೋಡಿರಿ. ದೊರೆಯದಿದ್ದರೆ ಇಂದು ಸಂಜೆ ನಿಮ್ಮ ಮನೆಯ ಒಲೆಯ ಮುಂದೆ, ನಾಲ್ಕು ರೊಟ್ಟಿ ಬೇಯುವಷ್ಟು ಹೊತ್ತು ಸುಮ್ಮನೆ ಕುಳಿತು ನೋಡಿರಿ. ಮರುದಿನ ಹಿಟ್ಟು ನಾದುವ ಪಾಳಿ ನಿಮ್ಮದಾಗಲಿ.