ಕತ್ತೆ ಮೆರವಣಿಗೆ ಮಾಡಿದವರಿಗೆ ಓಟು ಹಾಕಿದವರು ದಡ್ಡರಲ್ಲ

ವಾಟಾಳ್ ನಾಗರಾಜ್ ಹೆಸರು ಬಂದ ತಕ್ಷಣ ನಗೋರು ಇದ್ದಾರೆ. ಕತ್ತೆ ಮೆರವಣಿಗೆ, ಎಮ್ಮೆ ಮೆರವಣಿಗೆ, ಕಪ್ಪು ಕನ್ನಡಕ, ಟೋಪಿ. ನಗಿ, ತಪ್ಪಿಲ್ಲ. ಆದ್ರೆ ನಮ್ಮ ಹಾಸನೂರಿಂದ ಗಡಿ ದಾಟಿದರೆ ಸಿಗುವ ಚಾಮರಾಜನಗರದ ಜನ ಇದೇ ಮನುಷ್ಯನನ್ನ 1989, 1994, 2004ರಲ್ಲಿ ಮೂರು ಸಲ ವಿಧಾನಸಭೆಗೆ ಕಳಿಸಿದ್ರು. ನಡುವೆ 1999ರಲ್ಲಿ ಮನೆಗೂ ಕಳಿಸಿದ್ರು. ಇದು ಹುಚ್ಚು ಅಭಿಮಾನವಾ? ಅಲ್ಲ ಗುರು, ಲೆಕ್ಕ. ದೊಡ್ಡ ಪಕ್ಷದ ಶಾಸಕ ಬಾಯಿ ತೆರೆಯೋಕೆ ಹೈಕಮಾಂಡ್ ಮುಖ ನೋಡ್ತಾನೆ. ಒಂಟಿ ಆಳಿಗೆ ಆ ಕಾಟ ಇಲ್ಲ. ಸದನದಲ್ಲಿ ಗಲಾಟೆ ಮಾಡೋನು ಒಬ್ಬ ನಮ್ಮವನಾಗಿರಲಿ ಅಂತ ಹಾಕಿದ ಓಟು ಅದು.

ಈಗ ನಮ್ಮ ಕಥೆ. ನಾವು ಭವಾನಿಸಾಗರ ಕ್ಷೇತ್ರ, ಲೋಕಸಭೆಗೆ ನೀಲಗಿರಿ. ಓಟಿನ ರಾಶಿ ಇರೋದು ದಿಂಬಂ ಘಾಟಿಯ 27 ತಿರುವು ಇಳಿದ ಮೇಲೆ, ಕೆಳಗಿನ ಬಯಲಲ್ಲಿ. ಬೆಟ್ಟದ ಮೇಲಿನ ಕನ್ನಡಿಗರ ಓಟು ಇಲ್ಲದೆಯೂ ಗೆಲ್ಲಬಹುದು ಅಂತ ಪಕ್ಷಗಳಿಗೆ ಗೊತ್ತು. 2006ರ ತಮಿಳು ಕಲಿಕೆ ಕಾಯ್ದೆ ಬಂದು ನಮ್ಮ ಕನ್ನಡ ಶಾಲೆ ಮಕ್ಕಳ ತಲೆ ಮೇಲೆ ಕೂತಾಗಿಂದ ಎಷ್ಟು ಚುನಾವಣೆ ಆಯ್ತು, ಎಷ್ಟು ಭಾಷಣದಲ್ಲಿ ಅದರ ಮಾತು ಕೇಳಿದ್ರಿ? ಇಂಥ ಕಡೆ ಹುಡುಗರು "ಯಾರಾದ್ರೂ ಬೇರೆಯವನಿಗೆ ಒತ್ತೋಣ" ಅಂದ್ರೆ ಅವರನ್ನ ಬೇಜವಾಬ್ದಾರಿ ಅನ್ನೋ ಹಿರಿಯರಿಗೆ ಒಂದು ಪ್ರಶ್ನೆ: ಜವಾಬ್ದಾರಿಯಿಂದ ಒತ್ತಿ ನಿಮಗೆ ಸಿಕ್ಕಿದ್ದೇನು?

ಹಾಗಂತ ಸಿಕ್ಕಿದವರೆಲ್ಲ ನಿಂತರೂ ಆಗಲ್ಲ. ನಮ್ಮದೇ ಈರೋಡ್ ಜಿಲ್ಲೆಯ ಮೊಡಕ್ಕುರಿಚ್ಚಿಯಲ್ಲಿ 1996ರಲ್ಲಿ ರೈತರು ಸಿಟ್ಟಿಗೆದ್ದು ಸಾಲುಸಾಲಾಗಿ ನಾಮಪತ್ರ ಹಾಕಿದ್ರು. ಒಟ್ಟು 1,033 ಅಭ್ಯರ್ಥಿಗಳು! ಮತಪತ್ರ ಪುಸ್ತಕ ಆಯ್ತು, ಚುನಾವಣೆ ಮುಂದಕ್ಕೆ ಹೋಯ್ತು. ಕೊನೆಗೆ ಗೆದ್ದದ್ದು ಡಿಎಂಕೆ. 88 ಜನಕ್ಕೆ ಒಂದೂ ಓಟಿಲ್ಲ, ಅಂದ್ರೆ ಅವರೂ ತಮಗೆ ಹಾಕ್ಕೊಂಡಿಲ್ಲ! ಅದೇ ವರ್ಷ ಬೆಳಗಾವಿ ಲೋಕಸಭೆಗೆ 456 ಜನ ನಿಂತಿದ್ರು, ಅಲ್ಲಿ ಮರಾಠಿ ಭಾಷಿಕರ ಪ್ರತಿಭಟನೆ. ಸರ್ಕಾರ ಕೊಟ್ಟ ಉತ್ತರ ಏನು ಗೊತ್ತಾ? ವಿಧಾನಸಭೆಯ ಠೇವಣಿ 250 ರೂಪಾಯಿ ಇದ್ದದ್ದು 5,000 ಆಯ್ತು. ಬೇಡಿಕೆ ಹಾಗೇ ಉಳಿಯಿತು, ಬಾಗಿಲು ಮಾತ್ರ ಕಿರಿದಾಯ್ತು.

ಮಂಜೇಶ್ವರದವರು ಬೇರೆ ದಾರಿ ಹಿಡಿದ್ರು. 1957ರಲ್ಲಿ, ಕೇರಳದ ಮೊದಲ ಚುನಾವಣೆಯಲ್ಲೇ, ಪಕ್ಷೇತರ ಎಂ. ಉಮೇಶರಾವ್ ಅವಿರೋಧವಾಗಿ ಆಯ್ಕೆ. ಆಮೇಲೆ ಕಳ್ಳಿಗೆ ಮಹಾಬಲ ಭಂಡಾರಿ. ಕಾಸರಗೋಡು ಕರ್ನಾಟಕಕ್ಕೆ ಸೇರಲಿಲ್ಲ, ನಿಜ. ಆದ್ರೆ ಕನ್ನಡಿಗರ ಓಟು ಅಲ್ಲಿ ಒಂದೇ ಪೆಟ್ಟಿಗೆಗೆ ಬಿತ್ತು, ತಿರುವನಂತಪುರಕ್ಕೆ ಕೇಳಿಸುವಂತೆ ಬಿತ್ತು.

ಭವಾನಿಸಾಗರದಲ್ಲಿ ಅಷ್ಟು ಬಲ ನಮಗಿಲ್ಲ. ಪಂಚಾಯತಿಯಲ್ಲಿ ಇದೆ. ತಮಿಳುನಾಡಲ್ಲಿ ಗ್ರಾಮ ಪಂಚಾಯತಿ ಅಧ್ಯಕ್ಷ, ವಾರ್ಡ್ ಸದಸ್ಯರ ಚುನಾವಣೆಗೆ ಪಕ್ಷದ ಚಿಹ್ನೆಯೇ ಇಲ್ಲ. ಅಲ್ಲಿ ಹತ್ತು ಓಟು ಫಲಿತಾಂಶ ತಿರುಗಿಸುತ್ತೆ. ಜಾತಿ ನೋಡಿ, ಕೊಟ್ಟ ನೋಟು ನೋಡಿ ಅದನ್ನೂ ಹಾಳು ಮಾಡ್ಕೋತಿದ್ದೀವಿ. ಬರೋ ಸಲ ಹಾಸನೂರಲ್ಲಿ, ತಾಳವಾಡಿಯಲ್ಲಿ ವಾರ್ಡಿಗೆ ಒಬ್ಬರು, ಸೋಲಿಗರ ಹುಡುಗಿಯೋ ಟೆಂಪೋ ಓಡಿಸೋ ಹುಡುಗನೋ, ಯಾರಾದ್ರೂ ಸರಿ, ಕನ್ನಡ ಶಾಲೆಗೆ ಕನ್ನಡದ ಮೇಷ್ಟ್ರು ಬೇಕು ಅಂತ ಗ್ರಾಮಸಭೆಯಲ್ಲಿ ಠರಾವು ಬರೆಸೋರು ನಿಲ್ಲಲಿ. ನಿಮ್ಮ ವಾರ್ಡಿನಿಂದ ಯಾರು ಅಂತ ಈಗಲೇ ಕೂತು ಮಾತಾಡಿ, ಹೆಸರು ತಿಳಿಸಿ.