ದಾಳಿಂಬೆಗೆ ಕ್ಷಯದ ಔಷಧ ಬೇಕೆ?

ದಾಳಿಂಬೆ ಕಾಯಿಯ ಮೇಲೆ ಎಣ್ಣೆ ತಾಗಿದಂಥ ಕಪ್ಪು ಚುಕ್ಕೆ ಕಂಡರೆ ವಿಜಯಪುರ, ಬಾಗಲಕೋಟೆ, ಕೊಪ್ಪಳ ಜಿಲ್ಲೆಗಳ ಬೆಳೆಗಾರರ ಎದೆ ಝಲ್ಲೆನ್ನುತ್ತದೆ. ಅದು ದುಂಡಾಣು ಅಂಗಮಾರಿ ರೋಗ. ಮಳೆ ಹಿಡಿದುಕೊಂಡರೆ ತೋಟವನ್ನೆಲ್ಲ ವ್ಯಾಪಿಸಿ, ಕಾಯಿ ಸೀಳಿ, ವರ್ಷದ ಆದಾಯವೇ ಮಣ್ಣುಪಾಲಾಗುತ್ತದೆ. ಹೆದರಿದ ರೈತ ಸ್ಟ್ರೆಪ್ಟೋಸೈಕ್ಲಿನ್ ಪೊಟ್ಟಣಕ್ಕೆ ಕೈ ಹಾಕಿದರೆ ಅವನನ್ನು ದೂರಿ ಫಲವಿಲ್ಲ. ಪೊಟ್ಟಣದಲ್ಲಿ ಏನಿದೆಯೆಂದು ಅವನಿಗೆ ತಿಳಿಸಿ ಹೇಳಿದವರೇ ಕಡಿಮೆ.

ಅದರಲ್ಲಿರುವುದು ನೂರಕ್ಕೆ 90 ಭಾಗ ಸ್ಟ್ರೆಪ್ಟೋಮೈಸಿನ್, 10 ಭಾಗ ಟೆಟ್ರಾಸೈಕ್ಲಿನ್. 1943ರಲ್ಲಿ ಬೆಳಕಿಗೆ ಬಂದ ಸ್ಟ್ರೆಪ್ಟೋಮೈಸಿನ್ ಕ್ಷಯರೋಗವನ್ನು ಗುಣಪಡಿಸಿದ ಮೊದಲ ಪ್ರತಿಜೀವಕ. ದನಗಳಿಗೂ ಪೆನ್ಸಿಲಿನ್ ಜೊತೆ ಇದೇ ಸೂಜಿಮದ್ದು.

ಒಂದು ಸಿಂಪರಣೆಗೆ ದುಂಡಾಣುಗಳೆಲ್ಲ ಸಾಯುವುದಿಲ್ಲ. ಔಷಧವನ್ನು ತಾಳಿಕೊಳ್ಳುವ ಗುಣವುಳ್ಳ ಕೆಲವು ಉಳಿಯುತ್ತವೆ. ಎಂಟು ದಿನಕ್ಕೆ ಮತ್ತೆ ಹೊಡೆದರೆ ಅವಕ್ಕೇ ತೋಟ ಬಿಟ್ಟುಕೊಟ್ಟಂತೆ. ಅಷ್ಟೇ ಆಗಿದ್ದರೆ ನಷ್ಟ ದಾಳಿಂಬೆಗೆ ಮಾತ್ರ. ಈ ಗುಣವನ್ನು ಅವು ಬೇರೆ ಜಾತಿಯ ದುಂಡಾಣುಗಳಿಗೂ ದಾಟಿಸಬಲ್ಲವು. ಎಲೆಯಿಂದ ತೊಟ್ಟಿಕ್ಕಿದ ಔಷಧ ಮಣ್ಣಿಗೂ ನೀರಿಗೂ ಸೇರುತ್ತದೆ. ಮನುಷ್ಯರ, ದನಗಳ ರೋಗಾಣುಗಳು ಇದೇ ವಿದ್ಯೆ ಕಲಿತರೆ ಆಸ್ಪತ್ರೆಯ ಸೂಜಿಯೂ ನಾಟದು. ಗುಣ ಕಾಣದಿದ್ದಾಗ ‘ಡೋಸ್ ಏರಿಸಿ’ ಎನ್ನುವ ಅಂಗಡಿಯವರ ಮಾತು ಸಲಹೆಯಲ್ಲ, ವ್ಯಾಪಾರ.

ಈ ಔಷಧಕ್ಕೆ ಒಪ್ಪಿಗೆಯಿದ್ದ ಎಂಟು ಬೆಳೆಗಳಲ್ಲಿ ಭತ್ತ, ಟೊಮೆಟೊ, ಆಲೂಗಡ್ಡೆ ಇದ್ದವು, ದಾಳಿಂಬೆಯ ಹೆಸರೇ ಇರಲಿಲ್ಲ. 2024ರ ಜನವರಿ 1ರಿಂದ ಬೆಳೆಗಳಿಗೆ ಇದರ ಬಳಕೆಯನ್ನೇ ನಿಲ್ಲಿಸುವ ಕರಡು ಆದೇಶವನ್ನು ಕೇಂದ್ರ ಸರ್ಕಾರ 2021ರ ಡಿಸೆಂಬರಿನಲ್ಲಿ ಹೊರಡಿಸಿತು. ಆದೇಶ ಒಳ್ಳೆಯದೇ, ಆದರೆ ರೋಗ ಬರುವ ದಾರಿ ಮುಚ್ಚದೆ ಔಷಧ ಮಾತ್ರ ಕಿತ್ತುಕೊಂಡರೆ ರೈತ ಮತ್ತೊಂದು ಪೊಟ್ಟಣ ಹುಡುಕುತ್ತಾನೆ.

ಮಳೆಗಾಲದ ಮೃಗ ಬಹಾರ ಬಿಟ್ಟು ಹಸ್ತ ಬಹಾರ ಹಿಡಿದರೆ ರೋಗದ ಅರ್ಧ ಕಾಟ ತಪ್ಪುತ್ತದೆಂಬುದು ನನ್ನ ಅಭಿಪ್ರಾಯ. ಕೊಯ್ಲಿನ ನಂತರ ಗಿಡಕ್ಕೆ ಮೂರು ತಿಂಗಳಾದರೂ ವಿಶ್ರಾಂತಿ ಕೊಡಬೇಕು. ರೋಗ ತಗುಲಿದ ರೆಂಬೆಯನ್ನು ಚುಕ್ಕೆಯಿಂದ ಎರಡು ಅಂಗುಲ ಕೆಳಗೆ ಕತ್ತರಿಸಿ, ಪ್ರತಿ ಗಿಡಕ್ಕೂ ಕತ್ತರಿಯನ್ನು ಸೋಡಿಯಂ ಹೈಪೋಕ್ಲೋರೈಟ್ ದ್ರಾವಣದಲ್ಲಿ ಅದ್ದಿ, ಆಮೇಲೆ ಶೇ. 1ರ ಬೋರ್ಡೋ ದ್ರಾವಣ ಸಿಂಪಡಿಸಬೇಕು. ಉದುರಿದ ಎಲೆ, ಕಾಯಿಗಳನ್ನು ಆರಿಸಿ ಸುಡಬೇಕು. ಬದುವಿಗೆ ಎಸೆದರೆ ನೆರೆಯವನ ತೋಟಕ್ಕೆ ರೋಗ ಹಂಚಿದಂತೆ.

ಎಲ್ಲಕ್ಕಿಂತ ಮೊದಲಿನದು ಸಸಿ. ರೋಗದ ತೋಟದಲ್ಲಿ ಕಟ್ಟಿದ ಗೂಟಿಯೊಂದಿಗೆ ರೋಗವೂ ಮನೆಗೆ ಬರುತ್ತದೆ. ನರ್ಸರಿಗಳ ತಾಯಿಗಿಡಗಳನ್ನು ಮಾರಾಟಕ್ಕೆ ಮುಂಚೆ ಪರೀಕ್ಷಿಸಿ ಚೀಟಿ ಕೊಡುವ ಏರ್ಪಾಡು ತಾಲ್ಲೂಕು ತಾಲ್ಲೂಕಿಗೂ ಆಗಬೇಕು. ಅಲ್ಲಿಯವರೆಗೆ, ತಾಯಿಗಿಡವನ್ನು ಕಣ್ಣಾರೆ ನೋಡದೆ ಸಸಿಗೆ ಮುಂಗಡ ಕೊಡಬೇಡಿ.