ಮಾತೃಭಾಷೆ: ಇತರೆ

ಐಟಿ ಕಂಪನಿಗಳಲ್ಲಿ ಕೆಲಸ ಮಾಡೋರಿಗೆಲ್ಲ ಗೊತ್ತಿರುತ್ತೆ, ವರ್ಷಕ್ಕೊಂದಿಷ್ಟು ಕಡ್ಡಾಯ ಆನ್‌ಲೈನ್ ಟ್ರೈನಿಂಗ್‌ಗಳು ಬರುತ್ತವೆ. ಪಾಸ್‌ವರ್ಡ್ ಯಾರಿಗೂ ಹೇಳಬೇಡಿ, ಬೆಂಕಿ ಬಿದ್ದರೆ ಲಿಫ್ಟ್ ಹತ್ತಬೇಡಿ, ಇಂಥವು. ಅದರಷ್ಟಕ್ಕೆ ಅದನ್ನು ಓಡಲು ಬಿಟ್ಟು ಅಡುಗೆಮನೆಗೆ ಹೋಗಿ ಒಗ್ಗರಣೆ ಹಾಕೋದು ಮನೆಯಿಂದ ಕೆಲಸ ಮಾಡೋರ ಹಳೇ ಅಭ್ಯಾಸ. ಈ ವರ್ಷ ಬಂದಿದ್ದೊಂದು ಮಾತ್ರ ನನ್ನನ್ನು ಹರಿಹರದ ನಮ್ಮನೆ ಮಹಡಿ ರೂಮಿನಲ್ಲಿ ಕೂರಿಸಿ ಪೂರ್ತಿ ಓದಿಸಿತು.

ನಮ್ಮ ತಂಡ ಸದ್ಯಕ್ಕೆ ಆಸ್ಟ್ರೇಲಿಯಾದ ಮೆಲ್ಬರ್ನ್‌ನ ಗ್ರಾಹಕರೊಬ್ಬರಿಗೆ ಮಕ್ಕಳ ಕ್ರೀಡಾ ಕ್ಲಬ್‌ಗಳ ನೋಂದಣಿ ಆ್ಯಪ್ ಮಾಡಿಕೊಡ್ತಿದೆ. ಮೆಲ್ಬರ್ನ್ ಇರೋ ವಿಕ್ಟೋರಿಯಾ ರಾಜ್ಯದಲ್ಲಿ ಮಕ್ಕಳ ಸುರಕ್ಷತೆಗೆ ಅಂತಲೇ 11 ಮಾನದಂಡಗಳಿವೆ, 2022ರ ಜುಲೈ 1ರಿಂದ ಜಾರಿಗೆ ಬಂದವು. ದೂರು ಕೊಡೋದು ಹೇಗೆ, ಸಿಬ್ಬಂದಿಯನ್ನು ಆರಿಸೋದು ಹೇಗೆ, ಇವೆಲ್ಲ ಆ ಪಟ್ಟಿಯಲ್ಲಿ ಆಮೇಲೆ ಬರುತ್ತವೆ. ಮೊಟ್ಟಮೊದಲನೇದು ಅಬೊರಿಜಿನಲ್ ಮಕ್ಕಳದ್ದು, ಅಂದರೆ ಆ ನೆಲದ ಮೂಲನಿವಾಸಿಗಳ ಮಕ್ಕಳದ್ದು. ಅವರು ತಮ್ಮ ಗುರುತು ಬಚ್ಚಿಡದೆ ಇರಬಹುದಾದ ವಾತಾವರಣ ಪ್ರತಿ ಶಾಲೆ, ಕ್ಲಬ್ಬು, ಆಸ್ಪತ್ರೆಯಲ್ಲಿರಬೇಕು ಅಂತ.

ಇದಕ್ಕೇ ಮೊದಲ ಜಾಗ ಯಾಕೆ ಅಂದರೆ, ಅದರ ಹಿಂದೆ ದೊಡ್ಡ ಸಂಕಟವೇ ಇದೆ. ಅಲ್ಲಿ 1910ರಿಂದ 1970ರವರೆಗೆ ಅಬೊರಿಜಿನಲ್ ಮಕ್ಕಳನ್ನು ಸರ್ಕಾರವೇ ತಾಯಂದಿರ ಮಡಿಲಿನಿಂದ ಎತ್ತಿಕೊಂಡು ಹೋಗಿ ಅನಾಥಾಲಯ, ಮಿಷನ್, ಬಿಳಿಯರ ಮನೆಗಳಲ್ಲಿ ಬೆಳೆಸಿತು. ‘ಮಕ್ಕಳ ಒಳ್ಳೇದಕ್ಕೆ’ ಅನ್ನೋ ಹೆಸರಲ್ಲಿ. ಎಷ್ಟೋ ಮಕ್ಕಳ ಹೆಸರು ಬದಲಾಯಿತು, ತಮ್ಮ ಭಾಷೆ ಆಡಿದ್ದಕ್ಕೆ ಶಿಕ್ಷೆಯಾಯಿತು. 1997ರ ವಿಚಾರಣಾ ವರದಿ ಪ್ರಕಾರ, ಹತ್ತು ಮಕ್ಕಳಲ್ಲಿ ಒಬ್ಬರಿಂದ ಮೂವರನ್ನು ಹಾಗೆ ಕಿತ್ತುಕೊಂಡಿದ್ದರು. 2008ರ ಫೆಬ್ರುವರಿ 13ರಂದು ಪ್ರಧಾನಿ ಕೆವಿನ್ ರಡ್ ಸಂಸತ್ತಿನಲ್ಲಿ ಕ್ಷಮೆ ಕೇಳಿದರು.

‘ಸಾಂಸ್ಕೃತಿಕ ಸುರಕ್ಷತೆ’ ಅನ್ನೋ ಮಾತು ಹುಟ್ಟಿದ್ದು ಮಾತ್ರ ಪಕ್ಕದ ನ್ಯೂಜಿಲೆಂಡ್‌ನಲ್ಲಿ. ಅಲ್ಲಿನ ಮಾವೊರಿ ಜನಾಂಗದ ಇರಿಹಪೇಟಿ ರಾಮ್ಸ್‌ಡೆನ್ ಎಂಬ ನರ್ಸ್ 1980ರ ದಶಕದ ಕೊನೆಗೆ ಅದನ್ನು ಬೆಳೆಸಿದರು. ಆಕೆ ಹೇಳಿದ್ದರ ತಿರುಳು ಇಷ್ಟೇ: ಈ ಜಾಗ ಸುರಕ್ಷಿತವೋ ಅಲ್ಲವೋ ಅಂತ ಹೇಳಬೇಕಾದವರು ಸೇವೆ ಪಡೆಯೋ ಜನ, ಕೊಡೋ ನರ್ಸ್ ಅಲ್ಲ. ‘ನಾವು ಎಲ್ಲರನ್ನೂ ಒಂದೇ ಥರ ನೋಡ್ತೀವಿ’ ಅಂತ ನಾವೇ ಸರ್ಟಿಫಿಕೇಟ್ ಬರೆದುಕೊಂಡರೆ ನಡೆಯಲ್ಲ. ಈ ಮಾತು ನನ್ನ ತಲೇಲಿ ಕೂತುಬಿಡ್ತು. ಕಾರಣ, ಅದೇ ಹೊತ್ತಿಗೆ ದಾವಣಗೆರೆಯ ಒಂದು ಹಾಸ್ಟೆಲ್‌ನಲ್ಲಿ ಒಬ್ಬ ಹುಡುಗನನ್ನು ನೋಡ್ತಿದ್ದೆ.

ನಾನು ಶನಿವಾರ ಮಧ್ಯಾಹ್ನ ಆ ಹಾಸ್ಟೆಲ್‌ಗೆ ಹೋಗಿ ಹೈಸ್ಕೂಲ್ ಮಕ್ಕಳಿಗೆ ಕಂಪ್ಯೂಟರ್ ಹೇಳಿಕೊಡ್ತೀನಿ. ಹರಿಹರದಿಂದ ಬಸ್ಸಿಗೆ ಅರ್ಧ ಗಂಟೆ ದಾರಿ. ಹೋದ ಜೂನ್‌ನಲ್ಲಿ ಟೈಪಿಂಗ್ ಅಭ್ಯಾಸಕ್ಕೆ ಅಂತ ಮಕ್ಕಳಿಗೆ ತಮ್ಮ ಪರಿಚಯ ಬರೆಯೋಕೆ ಹೇಳಿದ್ದೆ. ಹೆಸರು, ಊರು, ಮಾತೃಭಾಷೆ, ಇಷ್ಟದ ಆಟ. ಒಂಬತ್ತನೇ ಕ್ಲಾಸಿನ ಈ ಹುಡುಗ ಮಾತೃಭಾಷೆ ಕನ್ನಡ ಅಂತ ಟೈಪ್ ಮಾಡಿದ್ದ. ಎರಡು ವಾರ ಬಿಟ್ಟು ನೋಡಿದರೆ, ಮೆಟ್ಟಿಲ ಕೆಳಗೆ ಗೋಡೆ ಕಡೆ ಮುಖ ಮಾಡಿ, ಬಾಯಿಗೆ ಕೈ ಅಡ್ಡ ಇಟ್ಟುಕೊಂಡು ವಾರ್ಡನ್ ಮೊಬೈಲ್‌ನಲ್ಲಿ ಮಾತಾಡ್ತಿದ್ದಾನೆ. ಕನ್ನಡವಲ್ಲ. ಹಿಂದಿ ಅನ್ನೋಣ ಅಂದರೆ ಹಿಂದಿಯೂ ಅಲ್ಲ. ‘ಯಾರ ಹತ್ರಪಾ?’ ಅಂದೆ. ‘ಅವ್ವನ ಹತ್ರ ಮಿಸ್’ ಅಂದ. ‘ಇಲ್ಯಾಕೆ ಕೂತಿದೀಯ, ವರಾಂಡದಲ್ಲಿ ಗಾಳಿ ಬರುತ್ತಲ್ಲ?’ ಅಂದದ್ದಕ್ಕೆ, ‘ಅಲ್ಲಿ ಮಾತಾಡಿದ್ರೆ ಎಲ್ರೂ ಪಿಕ್ಕಿ ಪಿಕ್ಕಿ ಅಂತಾರೆ’ ಅಂದ.

ಹಕ್ಕಿಪಿಕ್ಕಿಯವರ ಹುಡುಗ. ನಮ್ಮದೇ ಜಿಲ್ಲೆಯ ಚನ್ನಗಿರಿ ತಾಲ್ಲೂಕಿನ ಅಸ್ತಾಪನಹಳ್ಳಿ, ಗೋಪನಾಳ್ ಕಡೆ ಈ ಜನರ ಊರುಗಳಿವೆ. ಹಕ್ಕಿಪಿಕ್ಕಿ ಅಂತ ಕರೆದಿದ್ದು ನಾವು, ಹಕ್ಕಿ ಹಿಡಿಯೋರು ಅಂತ. ಅವರು ತಮ್ಮನ್ನು ಕರೆದುಕೊಳ್ಳೋದು ವಾಗ್ರಿ ಅಂತ. ಮನೆಮಾತು ವಾಗ್ರಿಬೋಲಿ, ಗುಜರಾತಿಗೆ ಹತ್ತಿರದ್ದು. ಗುಜರಾತಿಯಾ, ಮೇವಾಡ, ಕಾಳಿವಾಲ, ಪನ್ವಾರ ಅಂತ ಬಳಿಗಳ ಹೆಸರಲ್ಲೇ ಉತ್ತರದಿಂದ ನಡೆದು ಬಂದ ದಾರಿ ಇದೆ. 1972ರ ವನ್ಯಜೀವಿ ಕಾಯ್ದೆ ಬಂದ ಮೇಲೆ ಬೇಟೆ ಅಪರಾಧವಾಯ್ತು. ಜಾತ್ರೆಗಳಲ್ಲಿ ಮಣಿಸರ, ಪ್ಲಾಸ್ಟಿಕ್ ಹೂವು ಮಾರೋದು, ಗಿಡಮೂಲಿಕೆ ಎಣ್ಣೆ ಮಾರೋದು ಬದುಕಾಯ್ತು. 2011ರ ಜನಗಣತಿಯಲ್ಲಿ ರಾಜ್ಯದ ಪರಿಶಿಷ್ಟ ಪಂಗಡದವರು 42 ಲಕ್ಷಕ್ಕೂ ಹೆಚ್ಚು. ಅದರಲ್ಲಿ ಹಕ್ಕಿಪಿಕ್ಕಿಯವರು ಸುಮಾರು 12 ಸಾವಿರ ಮಾತ್ರ.

2023ರ ಏಪ್ರಿಲ್ ನೆನಪಿದೆಯಾ? ಸುಡಾನ್‌ನಲ್ಲಿ ಯುದ್ಧ ಶುರುವಾದಾಗ ಅಲ್ಲಿ ಸಿಕ್ಕಿಹಾಕಿಕೊಂಡ ಕನ್ನಡಿಗರಲ್ಲಿ ಬಹಳಷ್ಟು ಜನ ಇವರೇ. ಚನ್ನಗಿರಿಯವರು, ಶಿವಮೊಗ್ಗದವರು, ಹುಣಸೂರು ಕಡೆಯವರು. ಭಾರತ ಸರ್ಕಾರ ‘ಆಪರೇಷನ್ ಕಾವೇರಿ’ ಮಾಡಿ ಕರೆತಂತು. ಟಿವಿಯಲ್ಲಿ ನೋಡ್ತಾ ನಮ್ಮತ್ತೆ, ‘ಅಷ್ಟು ದೂರ ಭಾಷೆ ಬರದ ಊರಿಗೆ ಯಾಕ್ ಹೋಗ್ಬೇಕಿತ್ತು ಇವ್ರು?’ ಅಂದಿದ್ರು. ನಿಜ ಹೇಳಬೇಕು ಅಂದರೆ ಹೊಸ ಭಾಷೆ ಕಲಿಯೋದರಲ್ಲಿ ಅವರನ್ನು ಮೀರಿಸೋರು ನಮ್ಮ ಜಿಲ್ಲೆಯಲ್ಲಿ ಕಡಿಮೆ. ಈ ಹುಡುಗನೂ ಅಷ್ಟೇ. ವಾಗ್ರಿಬೋಲಿ, ಕನ್ನಡ, ಹಿಂದಿ ಮಾತಾಡ್ತಾನೆ, ಅವ್ವನ ಜತೆ ಜಾತ್ರೆಗೆ ಹೋಗಿ ಹೋಗಿ ತೆಲುಗಿನಲ್ಲಿ ಚೌಕಾಸಿಯನ್ನೂ ಮಾಡ್ತಾನೆ. ಕ್ಲಾಸಿನಲ್ಲಿ ಮಾತ್ರ ಅವನು ‘ಮಾತೇ ಬಾರದ ಹುಡುಗ’.

ಇನ್ನೊಂದು ತಮಾಷೆ ನೋಡಿ. ಇದೇ ಜನರ ‘ಆದಿವಾಸಿ ಹೇರ್ ಆಯಿಲ್’ ಈಗ ಊರೆಲ್ಲ ಹೆಸರುವಾಸಿ. ದಾವಣಗೆರೆಯ ನನ್ನ ಗೆಳತಿಯರಲ್ಲೇ ಮೂವರು ತರಿಸಿಕೊಂಡಿದ್ದಾರೆ. ಬಾಟಲಿ ಮೇಲೆ ಆದಿವಾಸಿ ಅಂತಿದ್ದರೆ ನೂರಾರು ರೂಪಾಯಿ ಕೊಟ್ಟು ತಲೆಗೆ ಹಚ್ಚಿಕೊಳ್ತೀವಿ. ಅದೇ ಪದ ಪಕ್ಕದ ಬೆಂಚಿನ ಹುಡುಗನ ಮೇಲಿದ್ದರೆ ನಮ್ಮ ಮಕ್ಕಳಿಗೆ ಬೈಗುಳ.

ಹೆಸರಿನದ್ದೂ ಹೀಗೇ. ಬಿಡದಿ ಹತ್ತಿರದ ಭದ್ರಾಪುರದ ಹಕ್ಕಿಪಿಕ್ಕಿ ಮಕ್ಕಳಿಗೆ ಹೈಕೋರ್ಟ್, ಗೂಗಲ್, ಕಾಫಿ, ಮೈಸೂರ್ ಪಾಕ್ ಅಂತೆಲ್ಲ ಹೆಸರಿಟ್ಟಿದ್ದು ಪೇಪರಲ್ಲಿ ಬಂದಿತ್ತು, ವಾಟ್ಸ್ಯಾಪ್‌ನಲ್ಲೂ ಓಡಾಡಿತ್ತು. ಎಲ್ಲರೂ ನಕ್ಕರು. ನಮ್ಮ ಕಡೆ ಪ್ರತಿ ಓಣಿಯಲ್ಲೂ ಒಬ್ಬ ತಿಪ್ಪೇಸ್ವಾಮಿ, ಒಬ್ಬಳು ತಿಪ್ಪಮ್ಮ ಇದ್ದಾರೆ. ‘ತಿಪ್ಪೆ’ ಅಂತ ಯಾರೂ ನಗಲ್ಲ, ನಾಯಕನಹಟ್ಟಿ ಅಜ್ಜಯ್ಯ ಅಂತ ಕೈ ಮುಗೀತೀವಿ. ಹೆಸರಿನ ಹಿಂದಿನ ಕಥೆ ನಮಗೆ ಗೊತ್ತು, ಅಷ್ಟೇ ವ್ಯತ್ಯಾಸ. ದಾರಿಯಲ್ಲಿ ಕಂಡದ್ದನ್ನು, ಮನಸ್ಸಿಗೆ ಬಂದದ್ದನ್ನು ಮಗುವಿಗೆ ಹೆಸರಾಗಿಡೋದು ಊರೂರು ತಿರುಗಿದ ಜನರ ಪ್ರೀತಿ. ಹಾಜರಿ ಕೂಗೋ ಮೇಷ್ಟ್ರು ಆ ಹೆಸರು ಬಂದಾಗ ಒಂದು ಸಲ ಮೂಗಿನಲ್ಲಿ ನಕ್ಕರೂ ಸಾಕು, ಇಡೀ ಕ್ಲಾಸಿಗೆ ಲೈಸೆನ್ಸ್ ಸಿಕ್ಕ ಹಾಗೆ.

ವಾರ್ಷಿಕೋತ್ಸವಗಳದ್ದು ಹೇಳಲೇಬೇಕು. ಮುಖಕ್ಕೆ ಮಸಿ ಬಳಿದು, ಸೊಂಟಕ್ಕೆ ಸೊಪ್ಪು ಕಟ್ಟಿ, ‘ಹೊಯ್ ಹೊಯ್’ ಅಂತ ಕೂಗಿಸಿ ಆದಿವಾಸಿ ನೃತ್ಯ ಅಂತ ಮಾಡಿಸೋದನ್ನ ಇನ್ನಾದರೂ ನಿಲ್ಲಿಸಬೇಕು. ಮುಂದಿನ ಸಾಲಲ್ಲಿ ಕೂತ ವಾಗ್ರಿ ಹುಡುಗಿಗೆ ತನ್ನವ್ವ ಆ ಥರ ಇಲ್ಲ ಅಂತ ಗೊತ್ತು. ಹೇಳೋಕೆ ಧೈರ್ಯ ಇರಲ್ಲ. ಚಪ್ಪಾಳೆ ತಟ್ಟುತ್ತಾಳೆ.

ಆ ಹುಡುಗನಿಗೆ ಹೆಚ್ಚು ನೋವಾಗಿದ್ದು ಅಡ್ಡಹೆಸರಿನಿಂದ ಅಲ್ಲ, ಟ್ರಂಕಿನಿಂದ. ರೂಮಿನಲ್ಲಿ ಯಾರದೋ ಜಾಮೆಟ್ರಿ ಬಾಕ್ಸು, ಯಾರದೋ ನೂರು ರೂಪಾಯಿ ಕಾಣೆಯಾದರೆ ಮೊದಲು ತೆಗೆಸೋದು ಅವನ ಟ್ರಂಕ್. ಮೂರು ಸಲ ತೆಗೆಸಿದ್ದಾರೆ, ಮೂರು ಸಲವೂ ಏನೂ ಸಿಕ್ಕಿಲ್ಲ. ಬ್ರಿಟಿಷರು 1871ರಲ್ಲಿ ಒಂದು ಕಾಯ್ದೆ ಮಾಡಿ ಎಷ್ಟೋ ಅಲೆಮಾರಿ ಸಮುದಾಯಗಳನ್ನು ‘ಹುಟ್ಟಾ ಅಪರಾಧಿಗಳು’ ಅಂತ ಪಟ್ಟಿಗೆ ಹಾಕಿದ್ದರು. 1952ರಲ್ಲಿ ಅದು ರದ್ದಾಯ್ತು. ಅಲೆಮಾರಿ ಅಂದ ತಕ್ಷಣ ಅನುಮಾನ ಪಡೋದು ಮಾತ್ರ ಉಳಿದುಬಿಟ್ಟಿದೆ, ಹಾಸ್ಟೆಲ್ ರೂಮಿನವರೆಗೂ.

ದೀಪಾವಳಿ ರಜೆಗೆ ಹೋದ ಹುಡುಗ ವಾಪಸ್ ಬರಲಿಲ್ಲ. ಒಂದು ವಾರ, ಎರಡು ವಾರ. ‘ಅವ್ರಿಗೆ ಓದು ಹತ್ತಲ್ಲ ಬಿಡಿ ಮೇಡಂ, ವ್ಯಾಪಾರಕ್ಕೆ ಹೋಗಿರ್ತಾನೆ’ ಅಂದರು ಅಡುಗೆಯವರು. ಹೊಸದಾಗಿ ಬಂದಿದ್ದ ವಾರ್ಡನ್ ಮೇಡಂ ಸುಮ್ಮನಿರದೆ ಚನ್ನಗಿರಿ ಬಸ್ ಹತ್ತಿ ಅವರ ಮನೆಗೇ ಹೋದರು. ಬೈಯೋಕಲ್ಲ, ಕೇಳೋಕೆ. ಅವನ ತಾಯಿ ಒಂದೇ ಮಾತು ಹೇಳಿದ್ರಂತೆ: ‘ನಾವು ಬಡವ್ರು ಅಂತ ಬೈದ್ರೆ ಮರೀತಾನ್ರೀ, ಕಳ್ಳ ಅಂದಿದ್ದು ಹೆಂಗ್ ಮರೀತಾನೆ?’

ಮೇಡಂ ಬಂದ ಮೇಲೆ ಮಾಡಿದ ಬದಲಾವಣೆಗಳಿಗೆ ದುಡ್ಡೇನೂ ಖರ್ಚಾಗಿಲ್ಲ. ಏನಾದರೂ ಕಳೆದುಹೋದರೆ ತೆಗೆಸೋದಾದರೆ ಎಲ್ಲರ ಟ್ರಂಕ್, ವಾರ್ಡನ್ ಬೀರು ಕೂಡ. ಮನೆಗೆ ಫೋನ್ ಮಾಡೋಕೆ ವರಾಂಡದಲ್ಲಿ ಕುರ್ಚಿ, ಯಾವ ಭಾಷೆಯಲ್ಲಾದರೂ. ಪಿಕ್ಕಿ ಅಂದವರನ್ನು ಆ ಹುಡುಗನ ಮುಂದೆ ನಿಲ್ಲಿಸಿ ಕ್ಷಮೆ ಕೇಳಿಸೋ ನಾಟಕ ಮಾಡಲಿಲ್ಲ, ಬೇರೆ ಕರೆದು ಮಾತಾಡಿದರು. ಇದು ನನಗೆ ಬಹಳ ಹಿಡಿಸಿತು. ಆಮೇಲೆ ಅವನೇ ಬಂದ, ಮೂರನೇ ವಾರಕ್ಕೆ, ಅವ್ವ ಕೊಟ್ಟ ಒಂದು ಚೀಲ ಮಂಡಕ್ಕಿ ಹಿಡಿದುಕೊಂಡು.

ಇದನ್ನೆಲ್ಲ ಹೇಳಿದಾಗ ನಮ್ಮತ್ತೆ, ‘ಹಂಗಂತ ಕನ್ನಡ ಕಲೀದೆ ಇದ್ರೆ ಬದುಕೋದು ಹೆಂಗಮ್ಮ?’ ಅಂದ್ರು. ಕಲೀಬೇಡ ಅಂತ ಯಾರೂ ಹೇಳ್ತಿಲ್ಲ. ನನ್ನ ಕಾಲೇಜಿನ ಗೆಳತಿಯೊಬ್ಬಳು ಮೆಲ್ಬರ್ನ್‌ನಲ್ಲೇ ಇದ್ದಾಳೆ. ಮಗಳು ಸ್ಕೂಲಲ್ಲಿ ಉಪ್ಪಿಟ್ಟಿನ ಡಬ್ಬಿ ತೆಗೆಯೋಕೆ ನಾಚಿಕೊಂಡು ಹಾಗೇ ಮನೆಗೆ ತಂದಳಂತೆ. ‘ಎಷ್ಟು ಸಂಕಟ ಆಯ್ತು ಗೊತ್ತಾ’ ಅಂತ ಫೋನಲ್ಲಿ ಅತ್ತಳು. ಮಗಳನ್ನು ವಾರಾಂತ್ಯದ ಕನ್ನಡ ತರಗತಿಗೆ ಸೇರಿಸಿದ್ದಾಳೆ. ಆ ಕಥೆ ಕೇಳಿ ನಮ್ಮತ್ತೆಗೂ ಕಣ್ಣು ತುಂಬಿತ್ತು. ಆ ಮಗು ಇಂಗ್ಲಿಷ್ ಕಲೀಬಾರದು ಅಂತ ಇವರಿಗೂ ಇಲ್ಲ, ಅವಳಿಗೂ ಇಲ್ಲ. ‘ಚನ್ನಗಿರಿ ಹುಡುಗಂದೂ ಅದೇ ಡಬ್ಬಿ ಅತ್ತೆ’ ಅಂದೆ. ಅವರು ಮಾತಾಡಲಿಲ್ಲ, ಹೂಂ ಅಂದ್ರು.

ಕಾನೂನಿನಲ್ಲಿ ಇದಕ್ಕೆ ಜಾಗ ಇಲ್ಲದೇ ಇಲ್ಲ. ಭಾಷಾ ಅಲ್ಪಸಂಖ್ಯಾತ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯಲ್ಲಿ ಕಲಿಯೋ ಸೌಲಭ್ಯ ಕೊಡಬೇಕು ಅಂತ ಸಂವಿಧಾನದ 350ಎ ವಿಧಿ 1956ರಿಂದಲೂ ಹೇಳ್ತಿದೆ. ಒಡಿಶಾ 2006-07ರಲ್ಲೇ ಹತ್ತು ಬುಡಕಟ್ಟು ಭಾಷೆಗಳಲ್ಲಿ ಪುಟ್ಟ ಮಕ್ಕಳಿಗೆ ಪಾಠ ಶುರು ಮಾಡಿತು. ಮೊದಲು ಮನೆಮಾತು, ಆಮೇಲೆ ನಿಧಾನಕ್ಕೆ ಒಡಿಯಾ. ನಮ್ಮಲ್ಲಿ ಲೆಕ್ಕ ಹಾಕೋದರಲ್ಲೇ ಎಡವಟ್ಟಿದೆ. ಸೂರಗೊಂಡನಕೊಪ್ಪ ನಮ್ಮ ನ್ಯಾಮತಿ ತಾಲ್ಲೂಕಿನದು, ಲಂಬಾಣಿಗರ ಸಂತ ಸೇವಾಲಾಲರು ಹುಟ್ಟಿದ ಜಾಗ. ಲಕ್ಷಾಂತರ ಜನ ಆಡೋ ಆ ಲಂಬಾಣಿ ಭಾಷೆಯನ್ನೇ ಜನಗಣತಿಯಲ್ಲಿ ಹಿಂದಿಯ ಲೆಕ್ಕಕ್ಕೆ ಸೇರಿಸ್ತಾರೆ. ಇನ್ನು 12 ಸಾವಿರ ಜನರ ವಾಗ್ರಿಬೋಲಿಯನ್ನು ಕೇಳೋರು ಯಾರು?

ಸಾಫ್ಟ್‌ವೇರ್‌ನವಳಾಗಿ ಒಂದು ಸಣ್ಣ ವಿಷಯ. ಮೆಲ್ಬರ್ನ್ ಆ್ಯಪ್‌ನಲ್ಲಿ ಮಗು ಅಬೊರಿಜಿನಲ್ ಹೌದೇ ಅಂತ ಕೇಳೋ ಜಾಗ ಇದೆ, ಜತೆಗೆ ‘ಹೇಳಲು ಇಷ್ಟವಿಲ್ಲ’ ಅನ್ನೋ ಆಯ್ಕೆಯೂ ಇದೆ. ಆ ಕೊನೇದು ಯಾಕೆ ಬೇಕು ಅಂತ ತಂಡದಲ್ಲಿ ಚರ್ಚೆಯಾಯ್ತು. ಕೇಳೋರ ಮೇಲೆ ನಂಬಿಕೆ ಬರೋವರೆಗೂ ಹೇಳದೆ ಇರೋ ಹಕ್ಕು ಮಗುವಿಗಿರಬೇಕು, ಅದಕ್ಕೆ. ನಮ್ಮ ಕಡೆಯ ಫಾರಂಗಳಲ್ಲಿ ನಾನು ಸಾಮಾನ್ಯವಾಗಿ ನೋಡಿರೋದು ಕನ್ನಡ, ಉರ್ದು, ತೆಲುಗು, ತಮಿಳು, ಮರಾಠಿ, ಹಿಂದಿ, ಇತರೆ. ಆ ‘ಇತರೆ’ ಪಕ್ಕ ಬರೆಯೋಕೆ ಒಂದು ಖಾಲಿ ಗೆರೆಯೂ ಇರಲ್ಲ.

ಹೋದ ತಿಂಗಳು ಮಕ್ಕಳು ಪರಿಚಯದ ಫೈಲ್ ಮತ್ತೆ ತೆಗೆದು ತಿದ್ದಬೇಕಿತ್ತು. ನಾನು ಅವನಿಗೆ ಏನೂ ಹೇಳಿರಲಿಲ್ಲ. ಇಷ್ಟದ ಆಟ ಕಬಡ್ಡಿ ಇದ್ದದ್ದು ವಾಲಿಬಾಲ್ ಆಗಿದೆ. ಮಾತೃಭಾಷೆ ಕನ್ನಡ ಅಂತಲೇ ಇದೆ. ‘ಈಗ ಹಾಸ್ಟೆಲ್ ಹೆಂಗಿದೆಯೋ?’ ಅಂತ ಕೇಳಿದರೆ ‘ಪರವಾಗಿಲ್ಲ ಮಿಸ್’ ಅಂತಾನೆ. ವಾರ್ಡನ್ ಮೇಡಂಗೆ ಇದನ್ನು ಹೇಳಿದೆ. ‘ಪರವಾಗಿಲ್ಲ ಅಂದ್ರೆ ಇನ್ನೂ ಇಲ್ಲ ಅಂತಲೇ ಅರ್ಥ ಕಣ್ರೀ’ ಅಂದ್ರು. ಮುಂದಿನ ಪೋಷಕರ ಸಭೆಯನ್ನು ಭಾನುವಾರದಿಂದ ಮಂಗಳವಾರಕ್ಕೆ ಹಾಕಿದ್ದಾರೆ, ಭಾನುವಾರ ಅವನ ಅವ್ವನಿಗೆ ಸಂತೆ ವ್ಯಾಪಾರ ಇರುತ್ತೆ ಅಂತ. ಸಭೆಯಲ್ಲಿ ಮೊದಲು ಮಾತಾಡೋದು ಯಾರು ಅಂತ ಕೇಳಿದ್ದಕ್ಕೆ, ತಾಯಂದಿರು ಅಂದ್ರು.